ಮಕ್ಕಳ ಚಿತ್ರದಲ್ಲಿ ಕಿರೀಟ ಇದೆ, ಕಥೆ ಎಲ್ಲಿದೆ?

ಉಡುಪಿ ಟೀಚರ್:

ಉಡುಪಿಯ ಹತ್ತಿರದ ಒಂದು ಪ್ರೌಢಶಾಲೆಯಲ್ಲಿ ಸಮಾಜ ವಿಜ್ಞಾನ ಕಲಿಸುತ್ತೇನೆ. ರಾಜ್ಯೋತ್ಸವಕ್ಕೆ ಗೋಡೆ ಅಲಂಕರಿಸಬೇಕಿತ್ತು. ‘ನಮ್ಮ ಊರು, ನಮ್ಮ ಗುರುತು’ ಎಂಬ ವಿಷಯ ಕೊಟ್ಟು ಒಂಬತ್ತನೆಯ ತರಗತಿಯವರಿಗೆ ಚಿತ್ರ ಬರೆದು ತರಲು ಹೇಳಿದೆ. ಬಂದ ಹಾಳೆಗಳಲ್ಲಿ ಮುಕ್ಕಾಲು ಪಾಲು ಯಕ್ಷಗಾನದ ಕಿರೀಟ ಅಥವಾ ಬೆನ್ನಿಗೆ ಎತ್ತರದ ಪ್ರಭಾವಳಿಯಂಥ ಅಣಿ ಕಟ್ಟಿದ ದೈವ. ಉಳಿದವು ಹುಲಿವೇಷ. ಬಣ್ಣ ತುಂಬಿದ ರೀತಿ ನಿಜಕ್ಕೂ ಚೆನ್ನಾಗಿತ್ತು. ಆದರೆ ಇದು ಯಾರ ಕಿರೀಟ, ಯಾವ ಪ್ರಸಂಗ ಎಂದು ಕೇಳಿದರೆ ಉತ್ತರ ಬರಲಿಲ್ಲ. ದೈವವನ್ನು ಬರೆದ ಹುಡುಗನಿಗೆ ಅದು ಪಂಜುರ್ಲಿಯೋ ಜುಮಾದಿಯೋ ಗೊತ್ತಿಲ್ಲ. ಮೊಬೈಲಿನಲ್ಲಿ ಕಂಡದ್ದನ್ನು ನೋಡಿ ಬರೆದಿದ್ದಾನೆ. ಪಂಜುರ್ಲಿ ಎಂದರೆ ಹಂದಿ, ಬೆಳೆಯನ್ನು ಹಾಳುಮಾಡುವ ಆ ಪ್ರಾಣಿಯನ್ನೇ ಕೈಮುಗಿದು ಕಾಯುವ ದೈವವೆಂದು ನಂಬಿದವರು ನಮ್ಮ ರೈತರು ಎಂದು ನಾನು ಹೇಳಿದಾಗ, ಮಾತನಾಡುತ್ತಿದ್ದ ಹಿಂದಿನ ಬೆಂಚಿನವರೂ ಕಿವಿಗೊಟ್ಟರು. ಅಂದರೆ ಹಸಿವು ಇದೆ, ಬಡಿಸುವವರು ಇಲ್ಲ.

ನನಗೆ ಇದು ಸಣ್ಣ ವಿಷಯವಲ್ಲ. ನನ್ನ ತಂದೆ ನಾಲ್ಕನೆಯ ತರಗತಿಗೆ ಶಾಲೆ ಬಿಟ್ಟವರು, ಮನೆಮಾತು ತುಳು. ಆದರೂ ಅವರು ಕನ್ನಡದಲ್ಲಿ ಮಾತನಾಡಿದರೆ ಕರ್ಣನೋ ಭೀಷ್ಮನೋ ಎದುರು ನಿಂತಂತೆ ಇರುತ್ತಿತ್ತು. ಅದನ್ನು ಅವರಿಗೆ ಯಾವ ಮೇಷ್ಟರೂ ಕಲಿಸಲಿಲ್ಲ. ಕೊಯ್ಲು ಮುಗಿದ ಗದ್ದೆಯಲ್ಲಿ ಕಟೀಲು ಮೇಳದ ಹರಕೆ ಆಟ, ಅಂದರೆ ಯಕ್ಷಗಾನ, ವೇಷ ಕಟ್ಟುವ ಚೌಕಿಯ ಪಕ್ಕ ಹಾಸಿದ ಚಾಪೆ, ಬೆಳಗಿನ ಜಾವದವರೆಗೆ ಚೆಂಡೆ. ಭಾಗವತರ ಪದವನ್ನೂ ವೇಷಧಾರಿಗಳು ಆಡುವ ಮಾತಾದ ಅರ್ಥವನ್ನೂ ಕೇಳಿ ಕೇಳಿ ಬಂದ ಭಾಷೆ ಅದು. ಅರ್ಥ ಹೇಳುವಾಗ ಒಂದು ಇಂಗ್ಲಿಷ್ ಶಬ್ದ ನುಸುಳಿದರೆ ಪ್ರೇಕ್ಷಕರೇ ಸಹಿಸುತ್ತಿರಲಿಲ್ಲ. ತುಳುವರಾದ ನಮ್ಮನ್ನು ಕನ್ನಡಿಗರನ್ನಾಗಿಯೂ ಮಾಡಿದ್ದರಲ್ಲಿ ಶಾಲೆಗಿಂತ ಆಟದ ಪಾಲು ದೊಡ್ಡದು ಎಂದೇ ನಾನು ನಂಬಿದ್ದೇನೆ.

ಇನ್ನೊಂದು ಸಂಗತಿ ಇದಕ್ಕಿಂತ ಹೆಚ್ಚು ಕಾಡುತ್ತಿದೆ. ಕರಾವಳಿಯ ಮುಸಲ್ಮಾನರಾದ ಬ್ಯಾರಿಗಳ ಮನೆಯ ಒಬ್ಬ ಹುಡುಗಿ ಖಾಲಿ ಹಾಳೆ ಹಿಡಿದುಕೊಂಡು ಬಂದಳು. “ಟೀಚರ್, ಇವೆಲ್ಲ ಅವರವರ ಮನೆಯದ್ದು. ನಾನು ಯಾವುದನ್ನು ಬರೆಯಲಿ?” ಎಂದು ಕೇಳಿದಳು. ಯಾವುದಾದರೂ ಬರೆ ಮಗು ಎಂದು ಕಳುಹಿಸಲು ನನಗೆ ಮನಸ್ಸಾಗಲಿಲ್ಲ.

ಕಲೆ ಮತ್ತು ಐತಿಹ್ಯ ಒಂದು ಜನಸಮುದಾಯದ ಗುರುತನ್ನು ರೂಪಿಸುತ್ತವೆ ಎಂದು ಪಾಠದಲ್ಲಿ ಒಂದು ಸಾಲಿನಲ್ಲಿ ಮುಗಿಸುತ್ತೇವೆ. ಅದು ನಿಜವಾಗಿ ನಡೆಯುವುದು ಹೇಗೆ? ನಿಮ್ಮ ಊರಿನ ಒಂದು ಕಥೆ ಇವತ್ತಿಗೂ ನಿಮ್ಮಿಂದ ಏನನ್ನಾದರೂ ಮಾಡಿಸುತ್ತಿದ್ದರೆ, ಅಥವಾ ಏನನ್ನಾದರೂ ಮಾಡದಂತೆ ತಡೆಯುತ್ತಿದ್ದರೆ, ದಯವಿಟ್ಟು ಅದನ್ನು ಬರೆಯಿರಿ. ಚಿತ್ರಕ್ಕೆ ಚೆಂದ ಕಾಣುವುದು ಬೇಡ.


ಶಾಂಭವಿ ದಂಡೆ:

ಟೀಚರ್, ಆ ಹುಡುಗಿಗೆ ಮೂಲ್ಕಿಯ ಕಥೆ ಹೇಳಿ. ಬಪ್ಪ ಎಂಬ ಬ್ಯಾರಿ ವ್ಯಾಪಾರಿಯ ಹಡಗು ಶಾಂಭವಿ ನದಿಯಲ್ಲಿ ಮುಂದೆ ಹೋಗದೆ ನಿಂತಿತು, ನೀರು ಕೆಂಪಾಯಿತು, ರಾತ್ರಿ ಕನಸಿನಲ್ಲಿ ದೇವಿ ಕಾಣಿಸಿಕೊಂಡು ತನಗೊಂದು ಗುಡಿ ಬೇಕೆಂದಳು. ಅವನು ಇಲ್ಲಿನ ಜೈನ ಅರಸ ಸಾವಂತನ ಬಳಿಗೆ ಹೋದ. ಹಾಗೆ ಎದ್ದದ್ದು ಬಪ್ಪನಾಡು ದುರ್ಗಾಪರಮೇಶ್ವರಿ ದೇವಸ್ಥಾನ. ಕನಸು ಕಂಡವನು ಮುಸಲ್ಮಾನ, ನೆಲ ಕೊಟ್ಟವನು ಜೈನ, ಪೂಜೆ ಮಾಡುವವರು ಬ್ರಾಹ್ಮಣರು, ಊರಿಗೆ ಉಳಿದ ಹೆಸರು ಬಪ್ಪನದು. ಜಾತ್ರೆಯಲ್ಲಿ ಬಪ್ಪ ಬ್ಯಾರಿಯ ಮನೆತನದವರಿಗೆ ಪ್ರಸಾದ ಸಲ್ಲುವ ಪದ್ಧತಿ ಇದೆ. ದೇವಿಯ ಶಯನಕ್ಕೆ ರಾಶಿ ಬೀಳುವ ಮಲ್ಲಿಗೆಯನ್ನು ನೋಡಲು ಎಲ್ಲ ಜಾತಿಯವರೂ ಬರುತ್ತಾರೆ. ನಾನು ಸಣ್ಣವನಿದ್ದಾಗ ಆ ಮಲ್ಲಿಗೆ ರಾಶಿಯ ಪರಿಮಳ ರಸ್ತೆಯವರೆಗೆ ಬರುತ್ತಿತ್ತು.

ಈ ಕಥೆ ಊರಿಂದ ಊರಿಗೆ ಹರಡಿದ್ದು ಯಕ್ಷಗಾನದಿಂದ. ಬಪ್ಪನಾಡು ಕ್ಷೇತ್ರ ಮಹಾತ್ಮೆಯಲ್ಲಿ ಶೇಣಿ ಗೋಪಾಲಕೃಷ್ಣ ಭಟ್ಟರ ಬಪ್ಪ ಬ್ಯಾರಿ ಎಂದರೆ ನಮ್ಮ ಹಿರಿಯರು ಈಗಲೂ ಮಾತು ನಿಲ್ಲಿಸಿ ನೆನಪಿಸಿಕೊಳ್ಳುತ್ತಾರೆ. ಶೇಣಿಯವರು (1918–2006) ರಾವಣ, ವಾಲಿ, ಮಾಗಧನಂಥ ಪಾತ್ರಗಳಿಗೆ ಹೆಸರಾದವರು. ಅವರು ಆ ವ್ಯಾಪಾರಿಯನ್ನು ನಗಿಸುವ ವೇಷವಾಗಿ ಮಾಡದೆ, ತನ್ನ ಧರ್ಮವನ್ನು ಬಿಡದೆಯೇ ದೇವಿಗೆ ಕೊಟ್ಟ ಮಾತಿಗೆ ನಡೆದುಕೊಳ್ಳುವ ಗಂಭೀರ ಮನುಷ್ಯನಾಗಿ ನಿಲ್ಲಿಸಿದರು. ಒಬ್ಬ ಕಲಾವಿದ ಒಂದು ಪಾತ್ರವನ್ನು ಹಾಗೆ ನಿಲ್ಲಿಸಿದರೆ, ಅದನ್ನು ನೋಡಿದ ಸಾವಿರಾರು ಜನ ಮರುದಿನ ಅಂಗಡಿಯಲ್ಲಿ ಕಾಣುವ ಬ್ಯಾರಿಯನ್ನು ಅದೇ ಕಣ್ಣಿನಿಂದ ನೋಡುತ್ತಾರೆ. ‘ಹೇಗೆ ನಡೆಯುತ್ತದೆ’ ಎಂಬ ನಿಮ್ಮ ಪ್ರಶ್ನೆಗೆ ನನ್ನ ಉತ್ತರ ಇದು.

ಇದನ್ನೂ ಹೇಳಲೇಬೇಕು. 2022ರ ಮಾರ್ಚ್ ತಿಂಗಳಲ್ಲಿ ಇದೇ ಬಪ್ಪನಾಡು ಜಾತ್ರೆಗೆ ಮುಸಲ್ಮಾನ ವ್ಯಾಪಾರಿಗಳಿಗೆ ಅವಕಾಶವಿಲ್ಲ ಎಂಬ ಬ್ಯಾನರ್‌ಗಳು ಎದ್ದವು. ಮುಸಲ್ಮಾನ ವ್ಯಾಪಾರಿಯ ಹೆಸರು ಹೊತ್ತ ಊರಿನಲ್ಲಿ! ಕಥೆ ತಾನಾಗಿ ಯಾರನ್ನೂ ಕಾಪಾಡುವುದಿಲ್ಲ. ಆದರೆ ಆಗ ‘ಇದು ಸರಿಯಲ್ಲ’ ಎನ್ನಲು ಹೊರಟ ನಮ್ಮಂಥವರು ಸಂವಿಧಾನದ ಜೊತೆಗೆ ಬಪ್ಪನ ಹೆಸರನ್ನೂ ಹಿಡಿದುಕೊಂಡೇ ಮಾತನಾಡಿದೆವು. ಎದುರಿದ್ದವರಿಗೂ ಆ ಕಥೆ ಗೊತ್ತಿತ್ತು, ಅಷ್ಟು ಸುಲಭವಾಗಿ ಅಲ್ಲಗಳೆಯಲು ಆಗಲಿಲ್ಲ.

ಮೊಗವೀರರು ಕಡಲಿಗೆ ಇಳಿಯುವ ಮುನ್ನ ನೆನೆಯುವ ಬೊಬ್ಬರ್ಯನ ಪಾಡ್ದನವನ್ನೂ, ಅಂದರೆ ತುಳುವಿನ ಕಥನಗೀತೆಯನ್ನೂ, ಹುಡುಕಿ. ಅದರಲ್ಲಿ ಆ ದೈವದ ತಂದೆ ಒಬ್ಬ ಬ್ಯಾರಿ ವ್ಯಾಪಾರಿ. ಮಲ್ಪೆಯ ಮಕ್ಕಳಿಗಾದರೂ ಇದು ಗೊತ್ತಿರಬೇಕು.


ಕವತ್ತಾರಿನ ಸೊಸೆ:

ನಮ್ಮ ಮನೆಯಲ್ಲಿ ಚೆನ್ನೆಮಣೆ ಇದೆ, ಗುಳಿಗಳಲ್ಲಿ ಕಾಯಿ ಹಂಚಿ ಆಡುವ ಹಲಗೆ. ಆಟಿ ತಿಂಗಳ ಮಳೆಗೆ ಹೊರಗೆ ಕೆಲಸವಿಲ್ಲದಾಗ ಎಲ್ಲರೂ ಆಡುತ್ತೇವೆ. ಆದರೆ ನನ್ನ ಇಬ್ಬರು ಹೆಣ್ಣುಮಕ್ಕಳು ಎದುರುಬದುರು ಕುಳಿತು ಆಡಲು ಅತ್ತೆ ಬಿಡುವುದಿಲ್ಲ. ಅಕ್ಕತಂಗಿಯರು ಚೆನ್ನೆ ಆಡಬಾರದು, ಅಷ್ಟೇ. ಕಾರಣ ಅಬ್ಬಗ ಮತ್ತು ದಾರಗ. ಅವಳಿಗಳಾದ ಅವರಿಬ್ಬರೂ ಚೆನ್ನೆ ಆಡುತ್ತಾ ಜಗಳವಾಡಿದರು, ಒಬ್ಬಳು ಮಣೆಯನ್ನೇ ಎತ್ತಿ ಇನ್ನೊಬ್ಬಳಿಗೆ ಹೊಡೆದಳು, ತಂಗಿ ಸತ್ತದ್ದನ್ನು ಕಂಡು ತಾನೂ ಬಾವಿಗೆ ಹಾರಿದಳು. ಈ ಕಥೆಯನ್ನು ನನಗೆ ಯಾರೂ ಕೂರಿಸಿ ಹೇಳಲಿಲ್ಲ. ಮೊದಲು ಬಂದದ್ದು ನಿಷೇಧ, ಕಥೆ ಆಮೇಲೆ ಬಂತು. ಕಥೆ ಮನುಷ್ಯರನ್ನು ರೂಪಿಸುವುದು ಹೆಚ್ಚಾಗಿ ಈ ಕ್ರಮದಲ್ಲಿಯೇ ಎಂದು ನನಗೆ ಅನಿಸುತ್ತದೆ.

ಅವರಿಬ್ಬರೂ ಸಿರಿಯ ಮಗಳು ಸೊನ್ನೆಯ ಮಕ್ಕಳು. ಸಿರಿಯ ಬಗ್ಗೆ ಬರೆಯದೆ ನಾನು ಇಲ್ಲಿಂದ ಏಳುವುದಿಲ್ಲ. ಮಕ್ಕಳಿಲ್ಲದ ಬೆರ್ಮ ಆಳ್ವನಿಗೆ ಬೆರ್ಮೆರ್ ದೈವದ ಅನುಗ್ರಹವಾಗಿ ಅಡಕೆಯ ಹೂಗೊಂಚಲಾದ ಹಿಂಗಾರದಿಂದ ಹುಟ್ಟಿದವಳು ಅವಳು. ಕಾಂತು ಪೂಂಜನನ್ನು ಮದುವೆಯಾದಳು. ಅವಳ ಬಯಕೆ ಮದುವೆಗೆಂದು, ಅಂದರೆ ಸೀಮಂತಕ್ಕೆಂದು, ತಂದ ಸೀರೆಯನ್ನು ಗಂಡ ಮೊದಲು ತನ್ನ ಸೂಳೆ ಸಿದ್ದುವಿಗೆ ಉಡಿಸಿದ. ಸಿರಿ ಆ ಸೀರೆಯನ್ನು ಮುಟ್ಟಲಿಲ್ಲ. ಅಳುತ್ತಾ ಕೂರಲಿಲ್ಲ. ಮಗು ಹುಟ್ಟಿದ ಮೇಲೆ ತಾನೇ ಸಂಬಂಧ ಕಡಿದುಕೊಂಡು ಹೊರಟಳು, ಮುಂದೆ ಇನ್ನೊಂದು ಮದುವೆಯಾದಳು, ಆಗಲೂ ತನ್ನ ಮಾನವನ್ನು ಬಿಟ್ಟುಕೊಡಲಿಲ್ಲ. ಪುರಾಣದ ಸತಿಯರ ನಡುವೆ ಇಂಥ ಹೆಣ್ಣನ್ನು ಹುಡುಕಿ ನೋಡಿ. ಆಸ್ತಿ ತಾಯಿಯ ಕಡೆಯಿಂದ ಇಳಿಯುವ ಅಳಿಯಕಟ್ಟಿನ ನಾಡಿನಲ್ಲಿ ಮಗಳಿಗೆ ತವರಿನ ಹಕ್ಕು ಇತ್ತು ಎಂಬುದೂ ಈ ಧೈರ್ಯದ ಹಿಂದೆ ಇದೆ.

ಗದ್ದೆಯಲ್ಲಿ ನೇಜಿ (ಭತ್ತದ ಸಸಿ) ನೆಡುತ್ತಾ ಹೆಂಗಸರು ಹಾಡುವುದು ಇದನ್ನೇ. ಉಜಿರೆ ಬಳಿಯ ಮಾಚಾರಿನ ಗೋಪಾಲ ನಾಯ್ಕರು ಹಾಡಿದ ಸಿರಿ ಕಾವ್ಯವನ್ನು ಫಿನ್ಲೆಂಡಿನ ವಿದ್ವಾಂಸ ಲೌರಿ ಹೊಂಕೊ ಅವರು, ನಮ್ಮ ವಿವೇಕ ರೈ ಮತ್ತು ಚಿನ್ನಪ್ಪ ಗೌಡರ ಜೊತೆ ಸೇರಿ, 1990ರ ಡಿಸೆಂಬರಿನಲ್ಲಿ ದಾಖಲಿಸಿಕೊಂಡರು. 1998ರಲ್ಲಿ ಪುಸ್ತಕವಾಗಿ ಬಂದಾಗ ಅದು 15,683 ಸಾಲು. ಗ್ರೀಕರ ಇಲಿಯಡ್‌ನಷ್ಟು ಉದ್ದ. ಗೋಪಾಲ ನಾಯ್ಕರು ಅದನ್ನು ಯಾವ ಹಾಳೆಯನ್ನೂ ನೋಡದೆ ಹಾಡಿದರು.

ಇನ್ನು ಜಾತ್ರೆ. ಹುಣ್ಣಿಮೆಯ ರಾತ್ರಿ ಕವತ್ತಾರಿನಲ್ಲಿ, ಹಿರಿಯಡ್ಕದಲ್ಲಿ, ಬಿಳಿಯ ಸೀರೆ ಉಟ್ಟು ಹಿಂಗಾರ ಹಿಡಿದ ಹೆಂಗಸರು ಸಾಲಾಗಿ ನಿಲ್ಲುತ್ತಾರೆ. ನಾನು ಸಿರಿ, ನಾನು ಸೊನ್ನೆ, ನಾನು ಅಬ್ಬಗ ಎಂದು ಆವೇಶದಲ್ಲಿ ಹೇಳುತ್ತಾರೆ. ವರ್ಷವಿಡೀ ಮನೆಯಲ್ಲಿ ಬಾಯಿ ಬಿಡದವಳು ಅಲ್ಲಿ ಊರಿನ ಎದುರು ತನ್ನ ದುಃಖ ಹೇಳುತ್ತಾಳೆ, ಸಿರಿಯ ಮಗ ಕುಮಾರನಾಗಿ ನಿಂತವನು ಪ್ರಶ್ನೆ ಕೇಳುತ್ತಾನೆ, ಮನೆಯವರು ತಲೆ ತಗ್ಗಿಸಿ ಉತ್ತರ ಕೊಡಬೇಕಾಗುತ್ತದೆ. ಇದನ್ನು ಮೂಢನಂಬಿಕೆ ಎಂದು ತಳ್ಳಿಹಾಕುವವರು ಆ ಹೆಂಗಸರ ಮಾತನ್ನು ಬೇರೆಲ್ಲಿ ಕೇಳಿಸಿಕೊಂಡಿದ್ದಾರೆ ಎಂದು ತಿಳಿಸಲಿ. ನಿಮ್ಮ ತರಗತಿಯ ಹುಡುಗಿಯರು ಕಿರೀಟದ ಜೊತೆ ಒಂದು ಹಿಂಗಾರವನ್ನೂ ಬರೆಯಲಿ, ಟೀಚರ್.


ಕಾರ್ಕಳದ ಕಲ್ಲು:

ಎಲ್ಲರೂ ಒಳ್ಳೆಯ ಕಥೆಗಳನ್ನು ಬರೆದಿದ್ದೀರಿ. ನಾನು ‘ನಾವು’ ಎಂಬುದರ ಬಗ್ಗೆಯೇ ಕೇಳಬೇಕಾಗಿದೆ.

ಕಾರ್ಕಳದ ಗೊಮ್ಮಟನನ್ನು ನಿಲ್ಲಿಸಿದ್ದು 1432ರಲ್ಲಿ. 42 ಅಡಿಯ ಏಕಶಿಲೆ. ನಿಲ್ಲಿಸಿದವನೆಂದು ಶಾಸನ ಹೇಳುವುದು ಅರಸ ವೀರಪಾಂಡ್ಯನನ್ನು, ಶಾಲೆಯ ಪುಸ್ತಕ ಹೇಳುವುದೂ ಅವನನ್ನೇ. ಪಾಡ್ದನ ಹೇಳುವುದು ಶಿಲ್ಪಿ ಕಲ್ಕುಡನನ್ನು. ಇಂಥ ಮೂರ್ತಿಯನ್ನು ಇನ್ನೊಬ್ಬ ಅರಸನಿಗೆ ಮಾಡಿಕೊಡಬಾರದೆಂದು ಅರಸ ಆ ಶಿಲ್ಪಿಯ ಎಡಗೈ, ಬಲಗಾಲು ಕಡಿಸಿದ. ಅವನು ಉಳಿದ ಒಂದು ಕೈ, ಒಂದು ಕಾಲಿನಲ್ಲಿಯೇ ವೇಣೂರಿಗೆ ಹೋಗಿ ಇನ್ನೊಂದು ಗೊಮ್ಮಟನನ್ನು ಕಡೆದ. ತಂಗಿ ಕಲ್ಲುರ್ಟಿ ಬಂದು ಅಣ್ಣನ ಸ್ಥಿತಿ ನೋಡಿದಳು. ಇಬ್ಬರೂ ಮಾಯವಾಗಿ, ದೈವಗಳಾಗಿ, ಕಾರ್ಕಳಕ್ಕೆ ಬೆಂಕಿ ಇಟ್ಟರು.

ವೇಣೂರಿನ ಮೂರ್ತಿ 1604ರದ್ದು. ಎರಡರ ನಡುವೆ 172 ವರ್ಷ, ಒಬ್ಬನೇ ಮನುಷ್ಯ ಎರಡನ್ನೂ ಕಡೆದಿರಲು ಸಾಧ್ಯವಿಲ್ಲ. ನಾನು ಇದನ್ನು ಚರಿತ್ರೆ ಎಂದು ವಾದಿಸುತ್ತಿಲ್ಲ. ಕಲ್ಲು ಒಡೆದ ಜನ, ತಮ್ಮ ಕೈಗೆ ಏನಾಯಿತು ಎಂಬುದನ್ನು ಶಾಸನದಲ್ಲಿ ಬರೆಸುವ ಶಕ್ತಿ ಇಲ್ಲದವರು, ದೈವದ ಬಾಯಲ್ಲಿ ಉಳಿಸಿಕೊಂಡರು ಎನ್ನುತ್ತಿದ್ದೇನೆ. ಕೋಟಿ ಚೆನ್ನಯರ ಕಥೆಯೂ ಹೀಗೆಯೇ. ಅರಮನೆಯ ಅನ್ಯಾಯಕ್ಕೆ ಬಗ್ಗದ ಇಬ್ಬರು ಅವಳಿ ಸೋದರರು ಇವತ್ತು ಊರೂರಿನ ಗರಡಿಗಳಲ್ಲಿ ಪೂಜೆಗೊಳ್ಳುತ್ತಾರೆ. ನಮ್ಮ ನಾಡಿನ ಎಷ್ಟೋ ದೈವಗಳು ಅನ್ಯಾಯವಾಗಿ ಸತ್ತ ಮನುಷ್ಯರು. ಇದಕ್ಕಿಂತ ದೊಡ್ಡ ಗುರುತು ನಮಗೆ ಬೇಕೇ?

ಆದರೆ ಆ ದೈವವನ್ನು ಮೈಮೇಲೆ ಹೊರುವವರು ನಲಿಕೆ, ಪರವ, ಪಂಬದ ಸಮುದಾಯದವರು. ನಾನು ಅವರಲ್ಲಿ ಒಂದು ಮನೆಯಲ್ಲಿ ಹುಟ್ಟಿದವನು. ಅಣಿ ಕಟ್ಟಿದ ರಾತ್ರಿ ಗುತ್ತಿನ, ಅಂದರೆ ಊರಿನ ಜಮೀನ್ದಾರ ಮನೆಯ, ಯಜಮಾನ ನನ್ನ ತಂದೆಯ ಎದುರು ಕೈಜೋಡಿಸಿ, ಅವರ ಮಾತಿಗೆ ‘ಹೌದು’ ಎಂದು ತಲೆಬಾಗುತ್ತಿದ್ದರು. ಬಣ್ಣ ತೊಳೆದ ಮೇಲೆ ತಂದೆಗೆ ಊಟ ಬಡಿಸುತ್ತಿದ್ದುದು ಅಂಗಳದ ಮೂಲೆಯಲ್ಲಿ. 1974ರ ಭೂಸುಧಾರಣೆ ಗುತ್ತಿನ ಮನೆಗಳ ಗದ್ದೆಗಳನ್ನು ಗೇಣಿದಾರರಿಗೆ ಕೊಟ್ಟಿತು, ಅದು ಬಹಳ ಒಳ್ಳೆಯದಾಯಿತು. ಆದರೆ ಅಣಿ ಕಟ್ಟುವ ಅನೇಕರಿಗೆ ಗೇಣಿಯ ಗದ್ದೆಯೂ ಇರಲಿಲ್ಲ. ಅರವತ್ತು ದಾಟಿದ ದೈವ ನರ್ತಕರಿಗೆ ತಿಂಗಳಿಗೆ 2,000 ರೂಪಾಯಿ ಕೊಡುವುದಾಗಿ ಸರ್ಕಾರ ಘೋಷಿಸಿದ್ದು 2022ರಲ್ಲಿ, ಒಂದು ಸಿನಿಮಾ ದೇಶವೆಲ್ಲ ಓಡಿದ ಮೇಲೆ.

ದೈವದ ಮುಖ ಈಗ ಟೀ ಶರ್ಟಿನ ಮೇಲೂ ಕಾರಿನ ಗಾಜಿನ ಮೇಲೂ ಇದೆ. ಛದ್ಮವೇಷ ಸ್ಪರ್ಧೆಯಲ್ಲಿ ಮಕ್ಕಳಿಗೆ ಅಣಿ ಕಟ್ಟಿಸುತ್ತಾರೆ. ‘ನಮ್ಮ ಸಂಸ್ಕೃತಿ’ ಎಂದು ಹೇಳುವಾಗ ಅದನ್ನು ಹೊತ್ತವರ ಮನೆ ಎಲ್ಲಿದೆ, ಅವರ ಮಕ್ಕಳು ಏನು ಓದುತ್ತಿದ್ದಾರೆ ಎಂದು ತಿಳಿದುಕೊಂಡು ಹೇಳಿ. ನಿಮ್ಮ ತರಗತಿಯಲ್ಲಿ ದೈವದ ಚಿತ್ರ ಬರೆದ ಹುಡುಗನ ಪಕ್ಕದಲ್ಲಿಯೇ ಆ ಮನೆಯ ಮಗು ಕುಳಿತಿರಬಹುದು. ಬಾಯಿ ಬಿಟ್ಟು ಹೇಳಿರುವುದಿಲ್ಲ.


ಫಳ್ನೀರ್:

ನಾನು ಮಂಗಳೂರಿನ ಕೊಂಕಣಿ ಕ್ರೈಸ್ತ. ನಮ್ಮ ಗುರುತಿನ ಚಿತ್ರ ಎಂದರೆ ಎಲ್ಲರೂ ತೋರಿಸುವುದು ಅಲೋಶಿಯಸ್ ಚಾಪೆಲ್. ಇಟಲಿಯ ಅಂತೋನಿಯೊ ಮೊಸ್ಕೇನಿ 1899ರಿಂದ 1901ರವರೆಗೆ ಅದರ ಗೋಡೆ, ಚಾವಣಿಗಳನ್ನು ಚಿತ್ರಗಳಿಂದ ತುಂಬಿದರು. ಮನೆಗೆ ಬಂದ ನೆಂಟರನ್ನು ಅಲ್ಲಿಗೆ ಕರೆದುಕೊಂಡು ಹೋಗುತ್ತೇವೆ, ಹೆಮ್ಮೆಪಡುತ್ತೇವೆ.

ಆದರೆ ಟೀಚರ್ ಕೇಳಿದ್ದು ‘ಮಾಡಿಸುವುದು’ ಯಾವುದು ಎಂದು. ಅದು ಸೆಪ್ಟೆಂಬರ್ 8ರ ಮೊಂತಿ ಫೆಸ್ತ್. ಮೇರಿಯ ಹುಟ್ಟುಹಬ್ಬ. ಮಕ್ಕಳು ಒಂಬತ್ತು ದಿನ ಹೂವು ಒಯ್ಯುತ್ತಾರೆ, ಹಬ್ಬದ ದಿನ ಚರ್ಚಿನಲ್ಲಿ ಹೊಸ ಭತ್ತದ ತೆನೆಯನ್ನು ಆಶೀರ್ವದಿಸಿ ಮನೆಮನೆಗೆ ಕೊಡುತ್ತಾರೆ. ಆ ಕಾಳನ್ನು ಸುಲಿದು ಹಾಲಿಗೆ ಅಥವಾ ಪಾಯಸಕ್ಕೆ ಹಾಕಿ ಎಲ್ಲರೂ ಸೇರಿ ತಿನ್ನುತ್ತೇವೆ. ಮೀನು, ಮಾಂಸ ಇಲ್ಲದ ಊಟ, ಬಾಳೆಲೆಯಲ್ಲಿ. ಫರಂಗಿಪೇಟೆಯ ಮೊಂತೆ ಮರಿಯಾನೊದಲ್ಲಿ ಗೋವೆಯ ಪಾದ್ರಿ ಜೊವಾಕಿಂ ಮಿರಾಂದ 1763ರಲ್ಲಿ ಶುರುಮಾಡಿದರೆಂದು ಹೇಳುತ್ತಾರೆ. ಅದೇ ದಿನಗಳಲ್ಲಿ ನೆರೆಮನೆಯ ಶೆಟ್ಟರು ಮನೆಗೆ ತೆನೆ ಕಟ್ಟಿ ಹೊಸ ಅಕ್ಕಿಯ ಊಟ ಮಾಡುತ್ತಾರೆ. ದೇವರು ಬೇರೆ, ತೆನೆ ಒಂದೇ ಗದ್ದೆಯದು. ದುಬೈಯಲ್ಲಿರುವ ನನ್ನ ತಮ್ಮನಿಗೆ ಅಮ್ಮ ನಾಲ್ಕು ಕಾಳನ್ನು ಲಕೋಟೆಯಲ್ಲಿ ಹಾಕಿ ಕಳುಹಿಸುತ್ತಾರೆ. ಅದು ತಲುಪಿ, ಹಾಲಿಗೆ ಹಾಕಿ ಕುಡಿದ ಮೇಲೆಯೇ ಅವನಿಗೆ ಆ ವರ್ಷದ ಹಬ್ಬ.


ಉಡುಪಿ ಟೀಚರ್:

ಎಲ್ಲರಿಗೂ ಕೃತಜ್ಞತೆ. ಗೋಡೆಯಿಂದ ಚಿತ್ರಗಳನ್ನು ತೆಗೆಯಲಿಲ್ಲ, ಮಕ್ಕಳು ಕಷ್ಟಪಟ್ಟು ಬರೆದವು. ಪ್ರತಿಯೊಂದರ ಕೆಳಗೆ ಇನ್ನೊಂದು ಹಾಳೆ ಅಂಟಿಸಲು ಹೇಳಿದೆ. ಮನೆಯ ಹಿರಿಯರನ್ನು ಕೇಳಿ, ಒಂದು ಕಥೆಯ ಕಾರಣಕ್ಕೆ ಮನೆಯಲ್ಲಿ ಮಾಡುವ ಅಥವಾ ಮಾಡದ ಒಂದು ಕೆಲಸವನ್ನು ಬರೆಯಬೇಕು. ಚೆನ್ನೆಮಣೆ ಮೂರು ಮನೆಗಳಿಂದ ಬಂದಿದೆ. ಒಬ್ಬ ಹುಡುಗ ನಾಗಬನದ ಒಂದು ಕಡ್ಡಿಯನ್ನೂ ಮುರಿಯಬಾರದು ಎಂದು ಬರೆದು, ಅವನ ಮನೆಯ ಬನಕ್ಕೆ ಈಗ ಕಾಂಕ್ರೀಟ್ ಕಟ್ಟೆ ಕಟ್ಟಲು ಮರಗಳನ್ನೇ ಕಡಿದಿದ್ದಾರೆ, ಅದು ಹೇಗೆ ಸರಿ ಎಂದು ಕೆಳಗೆ ಪ್ರಶ್ನೆ ಹಾಕಿದ್ದಾನೆ. ಆ ಹಾಳೆಯನ್ನು ಬಾಗಿಲಿನ ಎದುರಿಗೇ ಹಾಕಿದ್ದೇನೆ.

ಆ ಹುಡುಗಿಗೆ ಬಪ್ಪನ ಕಥೆ ಹೇಳಿದೆ. ಗಮನವಿಟ್ಟು ಕೇಳಿದಳು, ಇಷ್ಟಪಟ್ಟಳು. ಆದರೆ ಬರೆದುಕೊಂಡು ಬಂದದ್ದು ಅದನ್ನಲ್ಲ. ಅವಳ ಅಜ್ಜಿಗೆ ಮದುವೆಯ ಹಿಂದಿನ ರಾತ್ರಿ ಹೆಂಗಸರು ಮೈಲಾಂಜಿ (ಮದರಂಗಿ) ಹಚ್ಚುವಾಗ ಹೇಳುವ ಬ್ಯಾರಿ ಹಾಡುಗಳು ಬರುತ್ತವೆ. ಒಂದನ್ನು ಬರೆಸಿಕೊಂಡು, ಮೈಲಾಂಜಿ ಹಚ್ಚಿದ ಕೈಯ ಚಿತ್ರ ಬರೆದು ತಂದಳು. ದೇವಸ್ಥಾನದ ಕಥೆಯಲ್ಲಿ ಅವಳಿಗೆ ಒಂದು ಜಾಗ ತೋರಿಸಿದರೆ ಸಾಕೆಂದು ನಾವು ಅಂದುಕೊಂಡಿದ್ದೆವು. ಅವಳು ತನ್ನ ಮನೆಯ ಹಾಡನ್ನೇ ಗೋಡೆಗೆ ತಂದಳು. ನನಗೆ ಬಹಳ ಸಂತೋಷವಾಗಿದೆ.

ಕಾರ್ಕಳದವರೇ, ನಿಮ್ಮ ಮಾತು ಮನಸ್ಸಿನಲ್ಲಿ ನಿಂತಿದೆ. ಕಲ್ಕುಡನ ಪಾಡ್ದನವನ್ನು ಬಲ್ಲ ಹಿರಿಯರೊಬ್ಬರನ್ನು ಶಾಲೆಗೆ ಕರೆಯಬೇಕೆಂದಿದ್ದೇನೆ. ನೀವು ಯಾರನ್ನಾದರೂ ಸೂಚಿಸುತ್ತೀರಾ?


ಕಾರ್ಕಳದ ಕಲ್ಲು:

ಸೂಚಿಸುತ್ತೇನೆ, ಆದರೆ ಮೊದಲು ನೀವೇ ಅವರ ಮನೆಗೆ ಹೋಗಿ ಕೇಳಿ. ದೈವದ ಉತ್ಸವವಾದ ನೇಮದಲ್ಲಿ, ಬಣ್ಣ ಹಚ್ಚುವಾಗ ಹೇಳುವ ಪಾಡ್ದನವನ್ನು ವೇದಿಕೆಯ ಮೇಲೆ ಹೇಳಲು ಅನೇಕರು ಒಪ್ಪುವುದಿಲ್ಲ. ಒಪ್ಪದಿದ್ದರೆ ಒತ್ತಾಯ ಬೇಡ. ಕಥೆಯನ್ನು ಮಾತಿನಲ್ಲಿ ಹೇಳಿ ಎಂದು ಕೇಳಬಹುದು, ಅಥವಾ ನೇಜಿ ನೆಡುವಾಗ ಹಾಡುವುದನ್ನು ಹೆಂಗಸರಿಂದ ಹಾಡಿಸಬಹುದು. ಅಣಿ ಕಟ್ಟಿ ಬನ್ನಿ ಎಂದು ಮಾತ್ರ ಕೇಳಬೇಡಿ. ಗೌರವಧನ ಎಷ್ಟು ಎಂದು ಮೊದಲೇ ಮಾತನಾಡಿಕೊಂಡು ಅದೇ ದಿನ ಕೈಗೆ ಕೊಡಿ. ಮತ್ತು ಮಧ್ಯಾಹ್ನದ ಊಟಕ್ಕೆ ಅವರನ್ನು ಮಕ್ಕಳ ಸಾಲಿನ ನಡುವೆ, ನಿಮ್ಮ ಪಕ್ಕದಲ್ಲಿ ಕೂರಿಸಿ.